ಪಿಸ್ತೂಲಿನ ಮ್ಯಾಗಜೀನ್‌ಗೆ ಬೇಕಾದದ್ದು ವಿಶ್ರಾಂತಿಯೇ, ಎಣ್ಣೆಯೇ?

ಮಾನ್ಯರೇ, ತಾವು ಚಿಕ್ಕಬಳ್ಳಾಪುರದ ಹತ್ತಿರ ಜಲ್ಲಿ ಕ್ರಷರ್ ನಡೆಸುತ್ತಿರುವುದಾಗಿಯೂ, ಆತ್ಮರಕ್ಷಣೆಗೆಂದು ಪರವಾನಗಿ ಪಡೆದು .32 ಪಿಸ್ತೂಲನ್ನು ಇಟ್ಟುಕೊಂಡಿರುವುದಾಗಿಯೂ ಬರೆದಿದ್ದೀರಿ. ಚುನಾವಣೆಯ ಸಮಯದಲ್ಲಿ ಠಾಣೆಗೆ ಒಪ್ಪಿಸಿ ಹಿಂದಕ್ಕೆ ಪಡೆದ ಮೇಲೆ ಎರಡು ಮ್ಯಾಗಜೀನ್‌ಗಳ (ಗುಂಡು ತುಂಬಿ ಪಿಸ್ತೂಲಿನೊಳಗೆ ಸೇರಿಸುವ ಗೂಡುಗಳ) ಪೈಕಿ ಒಂದರಲ್ಲಿ ಗುಂಡು ಸಿಕ್ಕಿಕೊಳ್ಳುತ್ತಿದೆ ಎಂಬುದು ತಮ್ಮ ದೂರು. ಸ್ಪ್ರಿಂಗ್ ಸೋಲಬಾರದೆಂದು ಪ್ರತಿ ರಾತ್ರಿ ಗುಂಡುಗಳನ್ನೆಲ್ಲ ಹೊರತೆಗೆದು ಬೆಳಿಗ್ಗೆ ಮತ್ತೆ ತುಂಬುವುದು, ತಿಂಗಳಿಗೊಮ್ಮೆ ಒಳಗೆ ನಾಲ್ಕು ಹನಿ ಕೊಬ್ಬರಿ ಎಣ್ಣೆ ಬಿಡುವುದು ಸರಿಯೇ ಎಂದೂ ಕೇಳಿದ್ದೀರಿ. ನಾನು ತುಮಕೂರಿನಲ್ಲಿ ಸಶಸ್ತ್ರ ಮೀಸಲು ಪಡೆಯ ಶಸ್ತ್ರಾಗಾರದಲ್ಲಿ ಆಯುಧಗಳ ದುರಸ್ತಿ ಮತ್ತು ಪಾಲನೆಯ ಕೆಲಸ ಮಾಡಿ ನಿವೃತ್ತನಾದವನು. ತಮ್ಮ ಎರಡೂ ಅಭ್ಯಾಸಗಳಲ್ಲಿ ಮೊದಲನೆಯದು ಅನಗತ್ಯ, ಎರಡನೆಯದು ಹಾನಿಕರ. ಗುಂಡು ಸಿಕ್ಕಿಕೊಳ್ಳುವುದಕ್ಕೆ ಕಾರಣ ಬಹುಶಃ ಇವೆರಡೂ ಅಲ್ಲದ ಇನ್ನೊಂದು ಕಡೆ ಇದೆ.

ಮೊದಲು ಸ್ಪ್ರಿಂಗ್ ವಿಚಾರ. ಒಳ್ಳೆಯ ಉಕ್ಕಿನ ಸ್ಪ್ರಿಂಗನ್ನು ಅದರ ಸ್ಥಿತಿಸ್ಥಾಪಕತೆಯ ಮಿತಿಯೊಳಗೆ ಒತ್ತಿ ಇಟ್ಟರೆ, ಒತ್ತಿಟ್ಟ ಕಾರಣಕ್ಕೇ ಅದು ದುರ್ಬಲವಾಗುವುದು ತೀರ ಅಲ್ಪ. ಅದನ್ನು ಸವೆಸುವುದು ಮತ್ತೆ ಮತ್ತೆ ಒತ್ತುವ, ಬಿಡುವ ಕ್ರಿಯೆ. ತಂತಿಯನ್ನು ಅತ್ತಿಂದಿತ್ತ ಬಗ್ಗಿಸುತ್ತಾ ಹೋದರೆ ಒಂದು ಹಂತದಲ್ಲಿ ಅದು ಸೋಲುವುದು ಇದೇ ಕಾರಣಕ್ಕೆ. ಆದ್ದರಿಂದ ದಿನಕ್ಕೊಮ್ಮೆ ಖಾಲಿ ಮಾಡಿ ತುಂಬುವ ತಾವು ಸ್ಪ್ರಿಂಗಿಗೆ ವಿಶ್ರಾಂತಿ ಕೊಡುತ್ತಿಲ್ಲ, ಕೆಲಸ ಕೊಡುತ್ತಿದ್ದೀರಿ. ಮನೆಯಲ್ಲಿ ಮಕ್ಕಳಿದ್ದಾರೆಂದು ರಾತ್ರಿ ಪಿಸ್ತೂಲನ್ನು ಖಾಲಿ ಮಾಡಿ ಗುಂಡುಗಳನ್ನು ಬೇರೆ ಬೀಗದೊಳಗೆ ಇಡುವುದು ಬೇರೆ ಮಾತು. ಅದನ್ನು ಖಂಡಿತ ಮುಂದುವರಿಸಿ, ಆ ಸುರಕ್ಷತೆಯ ಮುಂದೆ ಸ್ಪ್ರಿಂಗಿನ ಬೆಲೆ ಏನೂ ಅಲ್ಲ. ಆದರೆ ಮೇಲಿನ ಗುಂಡನ್ನು ಪ್ರತಿದಿನ ಚೇಂಬರಿಗೆ, ಅಂದರೆ ಹಾರುವ ಮುನ್ನ ಗುಂಡು ಕೂರುವ ನಳಿಗೆಯ ಹಿಂತುದಿಗೆ, ಏರಿಸಿ ಇಳಿಸುತ್ತಿದ್ದರೆ ಅದನ್ನು ಇಂದೇ ನಿಲ್ಲಿಸಬೇಕು. ಪ್ರತಿ ಸಲ ಏರುವಾಗಲೂ ಗುಂಡಿನ ಮೂತಿ ಚೇಂಬರಿನ ಬಾಯಲ್ಲಿರುವ ಇಳಿಜಾರಿಗೆ ತಾಗುವುದರಿಂದ ಅದು ಮದ್ದು ತುಂಬಿದ ಹಿತ್ತಾಳೆಯ ಕವಚದೊಳಗೆ, ಅಂದರೆ ತೋಟೆಯೊಳಗೆ, ಸ್ವಲ್ಪ ಸ್ವಲ್ಪವೇ ಹಿಂದೆ ಸರಿಯಬಹುದು. ಹಾಗೆ ಸರಿದ ಗುಂಡನ್ನು ಹಾರಿಸಿದಾಗ ಒಳಗಿನ ಒತ್ತಡ ಅಪಾಯದ ಮಟ್ಟಕ್ಕೆ ಏರುವ ಸಾಧ್ಯತೆ ಇದೆ. ಹೊಸ ಗುಂಡಿನ ಪಕ್ಕದಲ್ಲಿಟ್ಟು ನೋಡಿದಾಗ ಯಾವುದಾದರೂ ಗಿಡ್ಡವಾಗಿ ಕಂಡರೆ ಅದನ್ನು ಬಳಸದೆ, ಗುಂಡು ಕೊಂಡ ಪರವಾನಗಿದಾರ ಅಂಗಡಿಯಲ್ಲಿ ಅದರ ವಿಲೇವಾರಿಯನ್ನು ವಿಚಾರಿಸಿ.

ಈಗ ನಿಜವಾದ ಕಾರಣದ ಕಡೆಗೆ ಬರುತ್ತೇನೆ. .32 ಪಿಸ್ತೂಲಿನ ಗುಂಡು, ಅಂದರೆ 7.65 ಎಂ.ಎಂ. ಗುಂಡು, 1899ರಲ್ಲಿ ಜಾನ್ ಬ್ರೌನಿಂಗ್ ಅವರ ಪಿಸ್ತೂಲಿಗಾಗಿ ಬೆಲ್ಜಿಯಂನಲ್ಲಿ ಬಂದದ್ದು. ಅದರ ತೋಟೆಯ ಹಿಂಬದಿಯ ಅಂಚು ಮೈಗಿಂತ ವ್ಯಾಸದಲ್ಲಿ ಸುಮಾರು ಅರ್ಧ ಮಿಲಿಮೀಟರ್ ಹೊರಚಾಚಿಕೊಂಡಿರುತ್ತದೆ. ನಮ್ಮ ಪೊಲೀಸರಲ್ಲಿ ಬಳಕೆಯಲ್ಲಿರುವ, ಇಛಾಪುರದ ರೈಫಲ್ ಕಾರ್ಖಾನೆಯಲ್ಲಿ ಬ್ರೌನಿಂಗ್ ಹೈ ಪವರ್ ಮಾದರಿಯಂತೆ ತಯಾರಾದ 9 ಎಂ.ಎಂ. 1ಎ ಪಿಸ್ತೂಲಿನ ಗುಂಡಿಗೆ ಹೀಗೆ ಚಾಚಿದ ಅಂಚಿಲ್ಲ; ಅದರ 13 ಗುಂಡುಗಳ ಮ್ಯಾಗಜೀನನ್ನು ಹೇಗೆ ತುಂಬಿದರೂ ಅಂಚಿಗೆ ಅಂಚು ಸಿಕ್ಕಿಕೊಳ್ಳುವ ತೊಂದರೆ ಬರುವುದಿಲ್ಲ. ಹಾಗಾಗಿ ಪೊಲೀಸ್ ಅಥವಾ ಸೇನೆಯಿಂದ ನಿವೃತ್ತರಾದ ಪರಿಚಯದವರು ತಮಗೆ ತುಂಬುವ ಕ್ರಮ ಹೇಳಿಕೊಟ್ಟಿದ್ದರೆ, ಅವರು ಈ ಒಂದು ಸಂಗತಿಯನ್ನು ಹೇಳದೆ ಬಿಟ್ಟಿರುವುದು ಸಹಜ. .32ರಲ್ಲಿ ಮೇಲಿನ ಗುಂಡಿನ ಅಂಚು ಯಾವಾಗಲೂ ಕೆಳಗಿನ ಗುಂಡಿನ ಅಂಚಿಗಿಂತ ಮುಂದೆ ಇರಬೇಕು. ಮೇಲಿನದು ಜಾರಿ ಕೆಳಗಿನದರ ಅಂಚಿನ ಹಿಂದೆ ಬಿದ್ದರೆ, ಸ್ಲೈಡ್ (ಪಿಸ್ತೂಲಿನ ಮೇಲೆ ಹಿಂದೆ ಮುಂದೆ ಸರಿಯುವ ಭಾಗ) ಅದನ್ನು ಮುಂದಕ್ಕೆ ತಳ್ಳುವಾಗ ಎರಡೂ ಅಂಚುಗಳು ಕೊಕ್ಕೆ ಹಾಕಿಕೊಂಡು ಪಿಸ್ತೂಲು ಅಲ್ಲಿಗೇ ನಿಂತುಬಿಡುತ್ತದೆ. ಮೂತಿಯಲ್ಲಿ ಕುಳಿಯಿರುವ ಗಿಡ್ಡ ಗುಂಡುಗಳಲ್ಲಿ ಇದು ಹೆಚ್ಚು, ಏಕೆಂದರೆ ಅವುಗಳಿಗೆ ಮ್ಯಾಗಜೀನಿನೊಳಗೆ ಹಿಂದೆ ಮುಂದೆ ಓಡಾಡಲು ಜಾಗ ಉಳಿಯುತ್ತದೆ. ಪೂರ್ಣ ಉದ್ದದ, ತಾಮ್ರದ ಹೊದಿಕೆಯ ದುಂಡು ಮೂತಿಯ ಗುಂಡುಗಳಲ್ಲಿ ಕಡಿಮೆ.

ತುಂಬುವ ಕ್ರಮವನ್ನು ಈ ದೃಷ್ಟಿಯಿಂದಲೇ ನೋಡಬೇಕು. ಪಿಸ್ತೂಲಿನಿಂದ ಮ್ಯಾಗಜೀನನ್ನು ಹೊರತೆಗೆದು, ಸ್ಲೈಡ್ ಎಳೆದು ಚೇಂಬರ್ ಖಾಲಿ ಇದೆಯೆಂದು ಕಣ್ಣಿನಿಂದಲೂ ಕಿರುಬೆರಳಿನಿಂದಲೂ ಖಚಿತಪಡಿಸಿಕೊಂಡು, ಪಿಸ್ತೂಲನ್ನು ದೂರ ಇರಿಸಿದ ಮೇಲೆಯೇ ಗುಂಡುಗಳನ್ನು ಕೈಗೆತ್ತಿಕೊಳ್ಳಿ. ಕೆಲವು ಪಿಸ್ತೂಲುಗಳು ಮ್ಯಾಗಜೀನ್ ತೆಗೆದಾಗ ಗುಂಡು ಹಾರಿಸುವುದಿಲ್ಲ, ಕೆಲವು ಹಾರಿಸುತ್ತವೆ. ತಮ್ಮದು ಮೊದಲ ಬಗೆಯದೇ ಆಗಿದ್ದರೂ ಅದನ್ನು ನಂಬಿ ಕುಳಿತುಕೊಳ್ಳಬಾರದು. ಮ್ಯಾಗಜೀನನ್ನು ಎಡ ಅಂಗೈಯಲ್ಲಿ ನೆಟ್ಟಗೆ ಹಿಡಿದು, ಗುಂಡಿನ ಮೂತಿ ಹೋಗಬೇಕಾದ ಮುಂಬದಿ ತಮ್ಮಿಂದ ದೂರ ಇರುವಂತೆ ನೋಡಿಕೊಳ್ಳಿ. ಒಳಗಿರುವ ಗುಂಡನ್ನು ಹೆಬ್ಬೆರಳಿನಿಂದ ಕೆಳಕ್ಕೆ ಅದುಮಿ, ಹೊಸ ಗುಂಡಿನ ಹಿಂಬದಿಯನ್ನು ಮುಂಭಾಗದಿಂದ, ಮ್ಯಾಗಜೀನಿನ ಬಾಯಲ್ಲಿ ಗುಂಡನ್ನು ಹಿಡಿದಿಡುವ ಎರಡು ತುಟಿಗಳ ಕೆಳಗೆ ತೂರಿಸಿ, ಹಿಂಗೋಡೆಗೆ ತಾಗುವವರೆಗೆ ಜಾರಿಸಿ. ಮೇಲಿನಿಂದ ನೇರವಾಗಿ ಒತ್ತಿ ತೂರಿಸಲು ಹೋಗಬೇಡಿ. ಹಾಗೆ ಮಾಡುವುದರಿಂದಲೇ ತುಟಿಗಳು ಅಗಲವಾಗುತ್ತವೆ. ಪ್ರತಿ ಗುಂಡು ಕೂತ ಮೇಲೆ ಬದಿಯ ರಂಧ್ರಗಳಿಂದ ಅಂಚುಗಳ ಸಾಲನ್ನು ನೋಡಿ. ಒಂದಾದರೂ ಹಿಂದೆ ಮುಂದೆ ಆಗಿ ಕಂಡರೆ ಅದರ ಮೇಲೆ ಇನ್ನೊಂದನ್ನು ತುರುಕದೆ ಅಲ್ಲಿಯವರೆಗಿನದನ್ನು ಇಳಿಸಿ ಮತ್ತೆ ತುಂಬಿ. 9 ಎಂ.ಎಂ. ಬಳಸುವವರು ತುಂಬಿದ ಮೇಲೆ ಮ್ಯಾಗಜೀನಿನ ಬೆನ್ನನ್ನು ಅಂಗೈಗೆ ತಟ್ಟಿ ಗುಂಡುಗಳನ್ನು ಹಿಂದಕ್ಕೆ ಕೂರಿಸುತ್ತಾರೆ; .32ರಲ್ಲೂ ಮೃದುವಾಗಿ ತಟ್ಟಬಹುದು, ಆದರೆ ತಟ್ಟಿದ ಮೇಲೆ ಅಂಚುಗಳನ್ನು ಇನ್ನೊಮ್ಮೆ ನೋಡದೆ ಬಿಡಬೇಡಿ. ಅಂದ ಹಾಗೆ, ನಮ್ಮಲ್ಲಿ .32 ಎಂದರೆ ರಿವಾಲ್ವರಿನ ಗುಂಡೂ ಹೌದು, ಪಿಸ್ತೂಲಿನ ಗುಂಡೂ ಹೌದು. ರಿವಾಲ್ವರಿನದು ಉದ್ದವಾಗಿದ್ದು ಅದರ ಅಂಚು ಪೂರ್ತಿ ಹೊರಚಾಚಿರುತ್ತದೆ, ಪಿಸ್ತೂಲಿಗೆ ಹೊಂದುವುದಿಲ್ಲ. ಕೊಳ್ಳುವಾಗ ಪೆಟ್ಟಿಗೆಯ ಮೇಲೆ ಅದು ಪಿಸ್ತೂಲಿನ ಗುಂಡು ಎಂಬುದನ್ನು ಓದಿಯೇ ಹಣ ಕೊಡಿ.

ತುಂಬುವ ಅಭ್ಯಾಸವನ್ನು ಬೆರಳುಗಳಿಗೆ ಕೂರಿಸಿಕೊಳ್ಳಬೇಕೆಂದರೆ ಮದ್ದಿಲ್ಲದ ನಕಲಿ ಗುಂಡುಗಳಿಂದ ಮಾಡಿ, ಅಸಲಿ ಗುಂಡುಗಳು ಆಗ ಆ ಕೋಣೆಯಲ್ಲೇ ಇರಬಾರದು. ಅಂಚು ಸಿಕ್ಕಿಕೊಂಡ ಗುಂಡನ್ನು ಸ್ಕ್ರೂಡ್ರೈವರಿನಿಂದ ಮೀಟುವುದನ್ನು ನಾನು ಕಂಡಿದ್ದೇನೆ. ತೋಟೆಯ ಹಿಂಬದಿಯ ನಟ್ಟನಡುವೆ ಇರುವ ಪ್ರೈಮರ್ ಪೆಟ್ಟು ಬಿದ್ದೊಡನೆ ಸಿಡಿಯಲೆಂದೇ ಮಾಡಿದ ವಸ್ತು, ಅದರ ಹತ್ತಿರ ಉಕ್ಕಿನ ಮೊನೆಯನ್ನು ಒಯ್ಯುವುದು ಹುಚ್ಚುತನ. ಮ್ಯಾಗಜೀನನ್ನು ಪಿಸ್ತೂಲಿನಿಂದ ಬೇರ್ಪಡಿಸಿ, ತಳದ ಪ್ಲೇಟು ಬಿಚ್ಚುವಂತಿದ್ದರೆ ಅದನ್ನು ಜಾರಿಸಿ ಕೆಳಗಿನಿಂದ ಗುಂಡುಗಳನ್ನು ಇಳಿಸಿಕೊಳ್ಳಬಹುದು. ಬಿಚ್ಚುವಂತಿಲ್ಲದಿದ್ದರೆ ಪರವಾನಗಿ ಇರುವ ದುರಸ್ತಿಗಾರರಲ್ಲಿಗೆ ಒಯ್ಯಿರಿ.

ಇನ್ನು ಕೊಬ್ಬರಿ ಎಣ್ಣೆ. ಅದು ಸುಮಾರು 24 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗೆ ಹೆಪ್ಪುಗಟ್ಟುತ್ತದೆ. ನಂದಿಬೆಟ್ಟದ ಕೆಳಗಿರುವ ತಮ್ಮೂರಿನಲ್ಲಿ ಮಾಗಿಯ ಬೆಳಿಗ್ಗೆ ಸ್ನಾನದ ಮನೆಯ ಬಾಟಲಿಯಲ್ಲಿ ಆಗುವುದೇ ಮ್ಯಾಗಜೀನಿನೊಳಗೂ ಆಗುತ್ತದೆ. ಗುಂಡುಗಳನ್ನು ಮೇಲಕ್ಕೆತ್ತುವ ಫಾಲೋವರ್ ಗೋಡೆಗೆ ಅಂಟಿಕೊಂಡು, ಸ್ಲೈಡ್ ಮುಂದೆ ಬರುವಷ್ಟರಲ್ಲಿ ಮೇಲಿನ ಗುಂಡು ತನ್ನ ಜಾಗಕ್ಕೆ ಏರಿರುವುದಿಲ್ಲ. ಬೇಸಿಗೆಯಲ್ಲಿ ಕರಗಿದ ಎಣ್ಣೆ ಕೆಳಗಿಳಿದು ಹಳತಾಗುತ್ತಾ ಜಿಗುಟಾಗುತ್ತದೆ. ಇದಕ್ಕಿಂತ ಕೆಟ್ಟದ್ದು ಎಣ್ಣೆ ಗುಂಡಿಗೆ ತಗಲುವುದು: ಪ್ರೈಮರಿನ ಸಂದಿಯಿಂದ ಎಣ್ಣೆ ಒಳಗಿಳಿದರೆ ಗುಂಡು ಹಾರದೆ ಹೋಗಬಹುದು, ಆತ್ಮರಕ್ಷಣೆಗೆಂದು ಇಟ್ಟುಕೊಂಡ ಆಯುಧದಲ್ಲಿ ಇದಕ್ಕಿಂತ ದೊಡ್ಡ ದೋಷ ಇನ್ನೇನಿದೆ? ಮಷಿನ್ ಎಣ್ಣೆಯಾದರೂ, ಬಂದೂಕಿಗೆಂದೇ ಮಾರುವ ದುಬಾರಿ ಎಣ್ಣೆಯಾದರೂ ಈ ಮಾತು ಅನ್ವಯಿಸುತ್ತದೆ. ಮ್ಯಾಗಜೀನಿನ ಒಳಭಾಗ ಒಣಗಿರಬೇಕು.

ತಮ್ಮ ವಿಷಯದಲ್ಲಿ ಎಣ್ಣೆಯ ಜೊತೆಗೆ ಇನ್ನೊಂದು ಶತ್ರು ಸೇರಿದೆ. ಕ್ರಷರಿನ ಗಾಳಿಯಲ್ಲಿ ತೇಲುವುದು ಗ್ರಾನೈಟಿನ ಪುಡಿ. ಗ್ರಾನೈಟಿನಲ್ಲಿರುವ ಸ್ಫಟಿಕಶಿಲೆಯ ಗಡಸುತನ, ಖನಿಜಗಳನ್ನು 1ರಿಂದ 10ರವರೆಗೆ ಅಳೆಯುವ ಮೋಸ್ ಮಾಪಕದಲ್ಲಿ 7, ಸಾಧಾರಣ ಉಕ್ಕಿಗಿಂತ ಹೆಚ್ಚು. ಈ ಪುಡಿ ಎಣ್ಣೆಯೊಡನೆ ಬೆರೆತರೆ ಉಜ್ಜುವ ಲೇಪವೇ ತಯಾರಾದಂತೆ. ಕೋಲಾರದ ಕೆಂಪು ಧೂಳಾದರೆ ಒಣ ಬಟ್ಟೆಗೆ ಬರುತ್ತದೆ, ಈ ಲೇಪ ಬರುವುದಿಲ್ಲ. ಪಿಸ್ತೂಲನ್ನು ಸೊಂಟದಲ್ಲಿಟ್ಟುಕೊಂಡು ಸೈಟಿನಲ್ಲಿ ದಿನವಿಡೀ ಇರುವವರು ವಾರಕ್ಕೊಮ್ಮೆಯಾದರೂ ಮ್ಯಾಗಜೀನನ್ನು ಖಾಲಿ ಮಾಡಿ ಒರೆಸುವುದು ಒಳ್ಳೆಯದು. ಬೀರುವಿನಲ್ಲೇ ಇರುವ ಎರಡನೆಯದಕ್ಕೆ ಅಷ್ಟು ಬೇಡ.

ಶುಚಿಗೊಳಿಸುವುದು ಕಷ್ಟದ ಕೆಲಸವಲ್ಲ, ಒಂದೇ ಎಚ್ಚರಿಕೆ ಸ್ಪ್ರಿಂಗ್ ಹಾರುವುದರ ಬಗ್ಗೆ. ತಳದ ಪ್ಲೇಟನ್ನು ಜಾರಿಸುವಾಗ ಮ್ಯಾಗಜೀನಿನ ತಳ ಮುಖದ ಕಡೆಗಿರಬಾರದು, ಕನ್ನಡಕ ಇದ್ದರೆ ಹಾಕಿಕೊಳ್ಳಿ, ತಳ ತೆರೆಯುತ್ತಿದ್ದಂತೆಯೇ ಹೆಬ್ಬೆರಳಿನಿಂದ ಸ್ಪ್ರಿಂಗನ್ನು ತಡೆದು ನಿಧಾನವಾಗಿ ಬಿಡಿ. ಸ್ಪ್ರಿಂಗಿನ ಯಾವ ತುದಿ ಮೇಲಿತ್ತು, ಅದು ಯಾವ ಕಡೆಗೆ ವಾಲಿತ್ತು ಎಂಬುದನ್ನು ಮೊಬೈಲಿನಲ್ಲಿ ಒಂದು ಚಿತ್ರ ತೆಗೆದಿಟ್ಟುಕೊಳ್ಳಿ. ತಿರುಗುಮುರುಗಾಗಿ ಕೂರಿಸಿದರೆ ಫಾಲೋವರ್ ಮೂತಿ ತಗ್ಗಿಸಿ ನಿಲ್ಲುತ್ತದೆ, ಗುಂಡೂ ಮೂತಿ ತಗ್ಗಿಸಿ ಇಳಿಜಾರಿಗೆ ಗುದ್ದುತ್ತದೆ. ತಮ್ಮ ಮ್ಯಾಗಜೀನಿನಲ್ಲಿ ಈಗಾಗಲೇ ಎಣ್ಣೆ ಇರುವುದರಿಂದ ಮೊದಲ ಸಲ ಮಾತ್ರ ಬಂದೂಕು ಶುಚಿಗೊಳಿಸುವ ದ್ರಾವಣವನ್ನು ಬಟ್ಟೆಗೆ ಸ್ವಲ್ಪ ಹಾಕಿ ಒಳಗೋಡೆಯನ್ನೂ ಸ್ಪ್ರಿಂಗನ್ನೂ ಒರೆಸಿ, ನಂತರ ಚಿಂದಿ ಬಟ್ಟೆ ಕಲೆಯಿಲ್ಲದೆ ಹೊರಬರುವವರೆಗೆ ಒಣ ಬಟ್ಟೆ ಆಡಿಸಿ. ಮುಂದೆ ನೈಲಾನ್ ಬ್ರಷ್ ಮತ್ತು ಒಣ ಬಟ್ಟೆ ಸಾಕು. ಹೊರಮೈ ಸಾದಾ ಉಕ್ಕಿನದಾಗಿದ್ದರೆ ಮಳೆಗಾಲದಲ್ಲಿ ಎಣ್ಣೆ ಸವರಿದ ಬಟ್ಟೆಯಿಂದ ಒಮ್ಮೆ ತೀಡಿ, ಕೈಗೆ ಎಣ್ಣೆ ಅಂಟದಷ್ಟು ಒರೆಸಿಬಿಡಿ. ಕೆಲವು ಹಳೆಯ ಮ್ಯಾಗಜೀನ್‌ಗಳ ತಳ ಬೆಸುಗೆಯಾಗಿರುತ್ತದೆ, ಅವನ್ನು ಮನೆಯಲ್ಲಿ ಬಿಚ್ಚಲು ಹೋಗಬಾರದು.

ಠಾಣೆಯಲ್ಲಿದ್ದ ಅವಧಿಯಲ್ಲಿ ಮ್ಯಾಗಜೀನ್ ಚರ್ಮದ ಚೀಲದಲ್ಲಿತ್ತೆಂದು ಬರೆದಿದ್ದೀರಿ. ಚರ್ಮ ತೇವವನ್ನು ಹಿಡಿದಿಡುತ್ತದೆ, ಹದ ಮಾಡಲು ಬಳಸಿದ ಲವಣಗಳೂ ಅದರಲ್ಲಿರುತ್ತವೆ. ತಿಂಗಳುಗಟ್ಟಲೆ ಹಾಗೆ ಇಟ್ಟರೆ ಉಕ್ಕಿಗೆ ತುಕ್ಕು, ಹಿತ್ತಾಳೆಗೆ ಹಸಿರು ಕಿಲುಬು. ಕಿಲುಬು ಹಿಡಿದ ಗುಂಡನ್ನು ಹುಣಸೆಹಣ್ಣು ಹಾಕಿ ತಿಕ್ಕಿ ಬೆಳಗಿಸಿ ಬಳಸುವವರಿದ್ದಾರೆ, ದಯವಿಟ್ಟು ಆ ಕೆಲಸಕ್ಕೆ ಇಳಿಯಬೇಡಿ. ಮುಂದಿನ ಸಲ ಒಪ್ಪಿಸುವಾಗ ಮ್ಯಾಗಜೀನನ್ನು ಖಾಲಿ ಮಾಡಿ, ಒಣ ಹತ್ತಿ ಬಟ್ಟೆಯಲ್ಲಿ ಸುತ್ತಿ, ಸಿಲಿಕಾ ಜೆಲ್ ಪೊಟ್ಟಣದೊಂದಿಗೆ ಡಬ್ಬಿಯಲ್ಲಿ ಕೊಡಿ, ರಸೀದಿಯಲ್ಲಿ ಮ್ಯಾಗಜೀನ್‌ಗಳ ಸಂಖ್ಯೆಯನ್ನೂ ಬರೆಸಿಕೊಳ್ಳಿ.

ಇಷ್ಟೆಲ್ಲ ಮಾಡಿದ ಮೇಲೂ ಸಿಕ್ಕಿಕೊಂಡರೆ ತುಟಿಗಳನ್ನು ಸಂಶಯಿಸಬೇಕು. ಮ್ಯಾಗಜೀನ್ ಸಿಮೆಂಟ್ ನೆಲದ ಮೇಲೆ ತಲೆಕೆಳಗಾಗಿ ಬಿದ್ದರೆ ಅವು ಕಣ್ಣಿಗೆ ಕಾಣದಷ್ಟು ಬಾಗುತ್ತವೆ, ಗುಂಡು ಏರುವ ಕೋನ ತಪ್ಪಲು ಅಷ್ಟೇ ಸಾಕು. ಪಕ್ಕಡದಲ್ಲಿ ಹಿಡಿದು ಸರಿಮಾಡುವ ಆಸೆ ಯಾರಿಗಾದರೂ ಬರುತ್ತದೆ; ಹಾಗೆ ಬಗ್ಗಿಸಿದ ತುಟಿಯಲ್ಲಿ ಬಿರುಕು ಬಿಡುವುದೇ ಹೆಚ್ಚು. ಎರಡೂ ಮ್ಯಾಗಜೀನ್‌ಗಳ ತಳದಲ್ಲಿ ಬಣ್ಣದ ಪೆನ್ನಿನಿಂದ 1, 2 ಎಂದು ಗುರುತು ಹಾಕಿ, ಪರವಾನಗಿ ಇರುವ ರೇಂಜಿನಲ್ಲಿ ಒಂದೇ ಪೆಟ್ಟಿಗೆಯ ಗುಂಡುಗಳನ್ನು ಎರಡರಲ್ಲೂ ಹಾರಿಸಿ ನೋಡಿ. ತೊಂದರೆ ಒಂದರಲ್ಲೇ ಮರುಕಳಿಸಿದರೆ ದೋಷ ಆ ಮ್ಯಾಗಜೀನಿನದು. ಎರಡರಲ್ಲೂ ಬಂದರೆ ಪಿಸ್ತೂಲಿನದು ಅಥವಾ ಗುಂಡಿನದು, ಅದನ್ನು ದುರಸ್ತಿಗಾರರು ನೋಡಲಿ. ಕೊನೆಯ ಗುಂಡು ಹಾರಿದ ಮೇಲೆ ಸ್ಲೈಡ್ ಹಿಂದೆಯೇ ನಿಲ್ಲುವ ಸೌಲಭ್ಯ ತಮ್ಮ ಪಿಸ್ತೂಲಿನಲ್ಲಿದ್ದು ಅದು ನಿಲ್ಲದಿದ್ದರೆ, ಸ್ಪ್ರಿಂಗ್ ಬದಲಿಸುವ ಕಾಲ ಬಂದಿರಬಹುದು.

ಬದಲಿ ಬೇಕಾದಾಗ ಪರಿಚಯದ ಲೇತ್ ಅಂಗಡಿಯಲ್ಲಿ ಮಾಡಿಸಿಕೊಳ್ಳುವ ಯೋಚನೆ ಬೇಡ. 1959ರ ಶಸ್ತ್ರಾಸ್ತ್ರ ಕಾಯ್ದೆಯ ಪ್ರಕಾರ ಆಯುಧದ ಬಿಡಿಭಾಗಗಳೂ ಆಯುಧದ ವ್ಯಾಖ್ಯೆಯೊಳಗೇ ಬರುತ್ತವೆ. ಪರವಾನಗಿ ಪುಸ್ತಕವನ್ನು ಜೊತೆಗೆ ಒಯ್ದು, ಅಧಿಕೃತ ಮಾರಾಟಗಾರರಿಂದ ತಮ್ಮ ಪಿಸ್ತೂಲಿನ ತಯಾರಕರದೇ ಮ್ಯಾಗಜೀನನ್ನು ಕೊಳ್ಳಿ. ಹೊಸದಕ್ಕೂ ಬಣ್ಣದ ಪೆನ್ನಿನಿಂದ 3 ಎಂದು ಬರೆದು, ಸೊಂಟಕ್ಕೆ ಕಟ್ಟಿಕೊಳ್ಳುವ ಮುನ್ನ ರೇಂಜಿನಲ್ಲಿ ಪೂರ್ತಿ ತುಂಬಿ ಖಾಲಿ ಮಾಡಿ ಪರೀಕ್ಷಿಸಿ.