ಕೊನೆಗಾರ ಅಂತ್ಯಗಾರನಾದಾಗ

ಪ್ರಶ್ನೆ: ನಮ್ಮ ಸಹಕಾರ ಸಂಘದ ಸ್ಮರಣ ಸಂಚಿಕೆಗೆ ಅಡಿಕೆ ಕೊಳೆರೋಗದ ಬಗ್ಗೆ ಲೇಖನ ಬೇಕಿತ್ತು. ಹಳೆಯ ಕೃಷಿ ಪತ್ರಿಕೆಯ ಬರಹವೊಂದನ್ನು ತೆಗೆದುಕೊಂಡು, ಸಾಲುಸಾಲಿಗೂ ಸಮಾನಾರ್ಥಕ ಪದ ಹಾಕಿ ಕಳಿಸಿದೆ. ‘ನಕಲು, ಅರ್ಥವೂ ಕೆಟ್ಟಿದೆ’ ಎಂದು ಸಂಪಾದಕರು ವಾಪಸು ಮಾಡಿದ್ದಾರೆ. ಒಂದು ವಾಕ್ಯವೂ ಮೊದಲಿನಂತಿಲ್ಲ, ಮತ್ತೆ ನಕಲು ಹೇಗೆ?
– ಓದುಗರು, ತೀರ್ಥಹಳ್ಳಿ

ಉತ್ತರ: ಸಂಪಾದಕರ ಎರಡು ಮಾತೂ ಸರಿ. ಮೊದಲು ಅರ್ಥದ್ದು ನೋಡೋಣ. ನಿಘಂಟಿನಲ್ಲಿ ಅಕ್ಕಪಕ್ಕ ಕೂತ ಪದಗಳು ತೋಟಕ್ಕೆ ಇಳಿದರೆ ಒಂದೇ ಕೆಲಸ ಮಾಡುವುದಿಲ್ಲ. ‘ಕೊನೆ’ (ಅಡಿಕೆಯ ಗೊಂಚಲು) ಇದ್ದಲ್ಲೆಲ್ಲ ‘ಅಂತ್ಯ’ ಹಾಕಿದರೆ ‘ಕೊನೆಗೆ ಔಷಧಿ ಹೊಡೆಯಿರಿ’ ಎನ್ನುವುದು ‘ಅಂತ್ಯಕ್ಕೆ ಔಷಧಿ ಹೊಡೆಯಿರಿ’ ಆಗುತ್ತದೆ, ಮರ ಹತ್ತಿ ಕೊನೆ ಇಳಿಸುವ ಕೊನೆಗಾರ ಅಂತ್ಯಗಾರನಾಗುತ್ತಾನೆ. ಶಿವಮೊಗ್ಗ ಮಂಡಿಯಲ್ಲಿ ಒಂದು ಬಗೆಯ ಅಡಿಕೆಯ ಹೆಸರಾದ ‘ರಾಶಿ’ಯನ್ನು ‘ಗುಡ್ಡೆ’ ಎಂದರೆ ಧಾರಣೆ ಕೇಳಲು ಬಂದವರು ಏನು ತಿಳಿದುಕೊಳ್ಳಬೇಕು? ಬೆಟ್ಟೆ, ಗೊರಬಲು, ಸರಕು ಎಂಬ ಅಡಿಕೆಯ ಬಗೆಗಳು, ಅಡಿಕೆ ಬೇಯಿಸಿದ ರಸವಾದ ಚೊಗರು, ಇವಕ್ಕೆ ಬದಲಿ ಹುಡುಕಲೇಬಾರದು.

ಸಮಾಸದಲ್ಲಿ ಇನ್ನೊಂದು ತೊಡಕು. ಮಳೆ, ಕಾಲ ಸೇರಿದಾಗ ಆದೇಶಸಂಧಿಯಾಗಿ ‘ಮಳೆಗಾಲ’. ಅಲ್ಲಿ ಮಳೆಯನ್ನು ಕಿತ್ತು ‘ವೃಷ್ಟಿ’ ಇಟ್ಟರೆ ‘ವೃಷ್ಟಿಗಾಲ’ ಎಂಬ ಎಡಬಿಡಂಗಿ ಹುಟ್ಟುತ್ತದೆ. ಕಂಪ್ಯೂಟರಿನಲ್ಲಿ ಹುಡುಕಿ ಒಂದೇ ಏಟಿಗೆ ಬದಲಿಸುವವರಂತೂ ಎಚ್ಚರ: ‘ಮರ’ಕ್ಕೆ ‘ವೃಕ್ಷ’ ಎಂದು ಕೊಟ್ಟರೆ ಮರಳು ‘ವೃಕ್ಷಳು’, ಸಮರ ‘ಸವೃಕ್ಷ’.

ವಿಧಾನ ಹೇಳುವ ಭಾಗದಲ್ಲಿ ತಪ್ಪಿದರೆ ಬೆಳೆಗೇ ಪೆಟ್ಟು. ಕೊಳೆರೋಗಕ್ಕೆ ಹೊಡೆಯುವ ಶೇ 1ರ ಬೋರ್ಡೋ ದ್ರಾವಣಕ್ಕೆ 1 ಕೆ.ಜಿ. ಮೈಲುತುತ್ತ (ಕಾಪರ್ ಸಲ್ಫೇಟ್) 50 ಲೀಟರ್ ನೀರಿನಲ್ಲಿ, 1 ಕೆ.ಜಿ. ಸುಣ್ಣ ಇನ್ನೊಂದು 50 ಲೀಟರ್ ನೀರಿನಲ್ಲಿ. ಆಮೇಲೆ ತುತ್ತದ ನೀರನ್ನು ಸುಣ್ಣದ ನೀರಿಗೆ ಸುರಿಯುತ್ತಾ ಕಲಕಬೇಕು. ವಾಕ್ಯ ಬೇರೆ ಕಾಣಲಿ ಎಂದು ‘ಸುಣ್ಣದ ನೀರನ್ನು ತುತ್ತಕ್ಕೆ’ ಎಂದು ತಿರುಗಿಸಿದಿರೋ, ದ್ರಾವಣ ಗಸಿಗಟ್ಟಿ ಬೇಗ ತಳ ಹಿಡಿಯುತ್ತದೆ, ಅಡಿಕೆ ಕೊನೆಗೆ ಸರಿಯಾಗಿ ಅಂಟುವುದಿಲ್ಲ.

ಇನ್ನು ನಕಲಿನ ಮಾತು. ಕೊಳೆರೋಗ ಬರುವ ಕಾರಣ, ಔಷಧಿಯ ಅಳತೆ ಯಾರ ಸ್ವತ್ತೂ ಅಲ್ಲ. ವಿಷಯದ ಮೇಲೆ ಹಕ್ಕಿಲ್ಲ, ಅದನ್ನು ಹೇಳಿದ ರೂಪ ಮತ್ತು ಜೋಡಣೆಯ ಮೇಲೆ ಮಾತ್ರ ಎಂದು ಸುಪ್ರೀಂ ಕೋರ್ಟ್ 1978ರ ಆರ್.ಜಿ. ಆನಂದ್ ಪ್ರಕರಣದಲ್ಲೇ ಹೇಳಿದೆ. ನೀವು ಹಾಗೇ ಉಳಿಸಿಕೊಂಡದ್ದು ಆ ಜೋಡಣೆಯನ್ನೇ. ಯಾವ ಪ್ಯಾರಾದ ಹಿಂದೆ ಯಾವುದು, ಯಾವ ಉದಾಹರಣೆ, ಎಲ್ಲಿ ಎಚ್ಚರಿಕೆ, ಎಲ್ಲವೂ ಮೂಲದವರದು. 1957ರ ಕೃತಿಸ್ವಾಮ್ಯ ಕಾಯ್ದೆ ಕೃತಿಯನ್ನು ಮಾರ್ಪಡಿಸಿ ಬಳಸುವುದನ್ನೂ ರೂಪಾಂತರವೆಂದೇ ಎಣಿಸುತ್ತದೆ. ಆ ಹಕ್ಕು ಕೃತಿಸ್ವಾಮ್ಯ ಇದ್ದವರದು.

ಹೀಗೆ ಮಾಡಿ. ಮೂಲವನ್ನು ಎರಡು ಸಲ ಓದಿ ಮುಚ್ಚಿಡಿ. ಹೆಸರು, ಅಳತೆ, ಕಾರಣಗಳನ್ನಷ್ಟೇ ಚೀಟಿಯಲ್ಲಿ ಬರೆಯಿರಿ. ಪೂರ್ಣ ವಾಕ್ಯ ಬೇಡ. ಅಳತೆಗಳನ್ನು ತೋಟಗಾರಿಕೆ ಇಲಾಖೆಯ ಕೈಪಿಡಿಯಂಥ ಎರಡನೆಯ ಆಕರದೊಂದಿಗೆ ತಾಳೆ ನೋಡಿ. ಆಮೇಲೆ ನಿಮ್ಮ ಸದಸ್ಯರು ಕೇಳುವುದೇನು ಎಂದು ಯೋಚಿಸಿ. ಜುಲೈನಲ್ಲಿ ಮಳೆ ಬಿಡದಿದ್ದರೆ ಎರಡನೇ ಸಿಂಪಡಣೆ ಯಾವಾಗ, ಕೊನೆಗೆ ಕೊಟ್ಟೆ (ಮಳೆ ತಡೆಯುವ ಹೊದಿಕೆ) ಕಟ್ಟಿದರೆ ಸಾಕೇ – ಅಲ್ಲಿಂದಲೇ ಶುರು ಮಾಡಿ. ಬರೆದು ಮುಗಿದ ಮೇಲೆ ಮಾತ್ರ ಮೂಲ ತೆರೆಯಿರಿ, ಅಂಕಿ ತಪ್ಪಿದೆಯೇ ನೋಡಲಿಕ್ಕೆ. ಎಲ್ಲಾದರೂ ಅವರ ಮಾತೇ ಬೇಕೆನಿಸಿದರೆ ಉದ್ಧರಣ ಚಿಹ್ನೆ ಹಾಕಿ ಲೇಖಕರ ಹೆಸರು, ಪತ್ರಿಕೆ, ವರ್ಷ ಕೊಡಿ.

ಪ್ರಶ್ನೆ: ಪಿಎಚ್.ಡಿ. ಪ್ರಬಂಧದಲ್ಲಿ ಎಷ್ಟು ಹೋಲಿಕೆ ಇದ್ದರೆ ನಡೆಯುತ್ತದೆ? ಪದ ಬದಲಿಸಿ ಪ್ರಮಾಣ ಇಳಿಸಬಹುದೇ?
– ಸಂಶೋಧನಾ ವಿದ್ಯಾರ್ಥಿನಿ, ಶಂಕರಘಟ್ಟ

ಉತ್ತರ: ವಿಶ್ವವಿದ್ಯಾಲಯ ಅನುದಾನ ಆಯೋಗದ (ಯುಜಿಸಿ) 2018ರ ನಿಯಮದಂತೆ ಶೇ 10ರವರೆಗೆ ದಂಡವಿಲ್ಲ. 10ರಿಂದ 40 ಇದ್ದರೆ ಆರು ತಿಂಗಳೊಳಗೆ ತಿದ್ದಿ ಸಲ್ಲಿಸಬೇಕು. 40ರಿಂದ 60 ಇದ್ದರೆ ಒಂದು ವರ್ಷ ಸಲ್ಲಿಸುವಂತಿಲ್ಲ. 60 ಮೀರಿದರೆ ನೋಂದಣಿಯೇ ರದ್ದು. ಆಕರ ಸಹಿತ ಉದ್ಧರಣೆಗಳು, ಗ್ರಂಥಸೂಚಿ ಈ ಲೆಕ್ಕಕ್ಕೆ ಬರುವುದಿಲ್ಲ. ಪದ ಬದಲಿಸಿದರೆ ತಂತ್ರಾಂಶದ ಅಂಕಿ ಇಳಿದೀತು, ಆದರೆ ಆ ಕ್ಷೇತ್ರದ ಪುಸ್ತಕಗಳನ್ನೆಲ್ಲ ಓದಿಕೊಂಡ ಮೌಲ್ಯಮಾಪಕರ ಕಣ್ಣಿಗೆ ಬೀಳದಿರುವುದಿಲ್ಲ.

ಪ್ರಶ್ನೆ: ಪತ್ರೊಡೆ ಮಾಡುವ ಕ್ರಮವನ್ನು ಬೇರೆ ಪುಸ್ತಕ ನೋಡಿ ಬರೆದರೆ ತಪ್ಪೇ?
– ಗೃಹಿಣಿ, ಸಾಗರ

ಉತ್ತರ: ಕೆಸುವಿನ ಎಲೆ, ಅಕ್ಕಿ, ಹುಣಸೆ, ಮೆಣಸು, ಅವುಗಳ ಅಳತೆ ಯಾರಾದರೂ ಬರೆಯಬಹುದು. ಮಾಡುವ ಬಗೆಯನ್ನು ನಿಮ್ಮ ಅಡುಗೆಮನೆಯಲ್ಲಿ ಒಮ್ಮೆ ಮಾಡಿ ನೋಡಿ, ನಿಮ್ಮ ಮಾತಿನಲ್ಲೇ ಬರೆಯಿರಿ. ಹುಳಿ ಮಾತ್ರ ಕಡಿಮೆ ಮಾಡಬೇಡಿ, ಗಂಟಲು ತುರಿಸುತ್ತದೆ.