ಧಕ್ಕೆಯಿಂದ ತಂದ ಸಿಗಡಿಯನ್ನು ಫ್ರಿಜ್‌ನಲ್ಲಿ ಎಷ್ಟು ದಿನ ಇಡಬಹುದು?

ಭಾನುವಾರ ಧಕ್ಕೆಯಿಂದ, ಅಂದರೆ ಬೋಟುಗಳು ಮೀನು ಇಳಿಸುವ ಬಂದರಿನಿಂದ, ಎರಡು ಕೆಜಿ ಸಿಗಡಿ ತಂದಿದ್ದೀರಿ. ಅರ್ಧ ಸುಕ್ಕ ಮಾಡಿ ತಿಂದಾಯಿತು. ಉಳಿದದ್ದಕ್ಕೆ ಉಪ್ಪು, ಅರಿಶಿನ ಹಚ್ಚಿ ತಲೆ ಸಮೇತ ಫ್ರಿಜ್‌ನಲ್ಲಿಟ್ಟಿದ್ದೀರಿ. ಈಗ ಬುಧವಾರ, ತಲೆ ಕಪ್ಪಾಗಿದೆ, ಘೀ ರೋಸ್ಟ್ ಮಾಡಬಹುದಾ ಅಂತ ಕೇಳಿದ್ದೀರಿ. ಬೇಡ. ದುಡ್ಡು ಹೋಯಿತು ಅಂತ ಬೇಜಾರಾಗುತ್ತದೆ, ಆದರೂ ಬೇಡ.

ಹಸಿ ಸಿಗಡಿ ಫ್ರಿಜ್‌ನ ಕೆಳಭಾಗದಲ್ಲಿ ಒಂದು ದಿನ ಇರಲಿ, ಹೆಚ್ಚೆಂದರೆ ಎರಡು ದಿನ. ಅದೂ ಫ್ರಿಜ್ 4 ಡಿಗ್ರಿಗಿಂತ ತಣ್ಣಗಿದ್ದರೆ. ನಾವು ಒಂದು ವಿಷಯ ಮರೆಯುತ್ತೇವೆ. ಸಿಗಡಿಯ ಲೆಕ್ಕ ಶುರುವಾಗುವುದು ನಾವು ಕೊಂಡ ದಿನದಿಂದಲ್ಲ, ಬಲೆಗೆ ಬಿದ್ದ ದಿನದಿಂದ. ಮಂಗಳೂರು, ಮಲ್ಪೆಯ ದೊಡ್ಡ ಟ್ರಾಲ್ ಬೋಟುಗಳು (ಬಲೆ ಎಳೆಯುತ್ತಾ ಮೀನು ಹಿಡಿಯುವಂಥವು) ಒಮ್ಮೆ ಹೋದರೆ ವಾರಕ್ಕೂ ಜಾಸ್ತಿ ಕಡಲಲ್ಲೇ ಇರುವುದುಂಟು. ನಿಮ್ಮ ಬುಟ್ಟಿಯ ಸಿಗಡಿ ಅದಾಗಲೇ ಐಸಿನಲ್ಲಿ ಎಷ್ಟು ದಿನ ಕಳೆದು ಬಂದಿದೆಯೋ ಯಾರಿಗೆ ಗೊತ್ತು?

ಉಪ್ಪು, ಅರಿಶಿನದ ನಂಬಿಕೆ ನಮ್ಮೂರಲ್ಲಿ ಎಲ್ಲರ ಮನೆಯಲ್ಲೂ ಇದೆ. ಆದರೆ ನಾವು ಹಾಕುವುದು ರುಚಿಗೆ ಬೇಕಾದಷ್ಟು ಉಪ್ಪು. ಕೆಡದಂತೆ ತಡೆಯಬೇಕಾದರೆ ಒಣಮೀನಿಗೆ ಹಾಕುವ ಹಾಗೆ ಸುರಿಯಬೇಕು. ಅರಿಶಿನದ್ದು ಇನ್ನೊಂದು ತೊಂದರೆ: ಅದು ವಾಸನೆಯನ್ನೂ ಬಣ್ಣವನ್ನೂ ಮುಚ್ಚಿಬಿಡುತ್ತದೆ. ಸಿಗಡಿ ಹಾಳಾಗಿದ್ದರೂ ನಿಮ್ಮ ಮೂಗಿಗೆ ಬೇಗ ತಿಳಿಯುವುದಿಲ್ಲ. ಮಸಾಲೆ ಹಚ್ಚುವುದನ್ನು ಅಡುಗೆಯ ದಿನಕ್ಕೇ ಇಟ್ಟುಕೊಳ್ಳಿ.

ತಲೆ ಕಪ್ಪಾಗುವುದು ವಿಷ ಅಲ್ಲ. ಹೆಚ್ಚಿಟ್ಟ ಬಾಳೆಕಾಯಿ ಕಪ್ಪಾಗುತ್ತದಲ್ಲ, ಅದೇ ಜಾತಿಯ ಕಿಣ್ವ ಸಿಗಡಿಯಲ್ಲೂ ಗಾಳಿ ತಾಗಿ ಕೆಲಸ ಮಾಡುತ್ತದೆ. ಆದ್ದರಿಂದ ಬರೀ ಕಪ್ಪು ಕಂಡಿತು ಅಂತ ಎಸೆಯಬೇಕಿಲ್ಲ. ಆದರೆ ಹೊತ್ತು ಮೀರುತ್ತಿದೆ ಎನ್ನುವುದಕ್ಕೆ ಅದೊಂದು ಗುರುತು. ಜೊತೆಗೆ ಅಮೋನಿಯಾದ ಘಾಟು, ಲೋಳೆ, ಮುಟ್ಟಿದರೆ ಮೆತ್ತಗೆ ಆಗಿದ್ದರೆ ಯೋಚನೆಯೇ ಬೇಡ. ಚೆನ್ನಾಗಿ ಹುರಿದರೆ ಎಲ್ಲ ಸರಿ ಹೋಗುತ್ತದೆ ಅನ್ನುವವರಿದ್ದಾರೆ. ಕೆಲವು ಬ್ಯಾಕ್ಟೀರಿಯಾ ಬಿಟ್ಟು ಹೋದ ವಿಷ ಬಿಸಿಗೆ ಜಗ್ಗುವುದಿಲ್ಲ.

ಮುಂದಿನ ಸಲ ಕೊಂಡ ದಿನವೇ ತೀರ್ಮಾನ ಮಾಡಿ. ನಾಳೆಯೊಳಗೆ ಬೇಯಿಸದ ಸಿಗಡಿ ಇವತ್ತೇ ಫ್ರೀಜರಿಗೆ ಹೋಗಬೇಕು. ಮೂರನೇ ದಿನ ನೆನಪಾಗಿ ಫ್ರೀಜರಿಗೆ ಹಾಕಿದರೆ ಕೆಟ್ಟದ್ದನ್ನೇ ಜೋಪಾನ ಮಾಡಿದ ಹಾಗೆ. ಮಾರುವವರ ಹತ್ತಿರ ಒಂದು ಹಿಡಿ ಐಸ್ ಕೇಳಿ ಹಾಕಿಸಿಕೊಳ್ಳಿ, ಕೊಡುತ್ತಾರೆ. ಏಪ್ರಿಲ್, ಮೇ ಬಿಸಿಲಲ್ಲಿ, 32 ಡಿಗ್ರಿ ದಾಟಿದ ಮೇಲೆ, ಐಸ್ ಇಲ್ಲದೆ ಒಂದು ಗಂಟೆಗಿಂತ ಜಾಸ್ತಿ ಹೊರಗಿಡಬಾರದು. ದಾರಿಯಲ್ಲಿ ತರಕಾರಿ, ಚಹಾ ಅಂತ ನಿಲ್ಲಬೇಡಿ.

ಮನೆಗೆ ಬಂದ ಕೂಡಲೇ ಮೊದಲು ತಲೆ ತೆಗೆಯಿರಿ. ಜೀರ್ಣದ ಗ್ರಂಥಿ ಇರುವುದು ಅಲ್ಲಿಯೇ. ಅದರ ರಸ ಇಳಿದರೆ ಮಾಂಸ ಹಿಟ್ಟಿನಂತಾಗುತ್ತದೆ. ಸಿಪ್ಪೆ ಮಾತ್ರ ಹಾಗೇ ಇರಲಿ, ಒಳಗಿನದನ್ನು ಕಾಪಾಡುತ್ತದೆ. ಬೆನ್ನಿನ ಕಪ್ಪು ನಾರನ್ನು ಆಮೇಲೆ ತೆಗೆದರೂ ಸಾಕು. ತಣ್ಣೀರಿನಲ್ಲಿ ತೊಳೆದು, ಒಂದು ಹೊತ್ತಿನ ಅಡುಗೆಗೆ ಬೇಕಾದಷ್ಟನ್ನು ಡಬ್ಬಿಗೆ ಹಾಕಿ, ಮುಳುಗುವಷ್ಟು ನೀರು ಹಾಕಿ ಗಟ್ಟಿ ಮಾಡಿ. ಫ್ರೀಜರಿನ ಒಣ ಗಾಳಿ ಸಿಗಡಿಯನ್ನು ರಬ್ಬರ್ ಮಾಡುತ್ತದೆ, ಸುತ್ತಲಿನ ಐಸ್ ಅದನ್ನು ತಡೆಯುತ್ತದೆ. ದೊಡ್ಡ ಡಬ್ಬಿಗಿಂತ ತೆಳ್ಳಗಿನದು ಒಳ್ಳೆಯದು, ಬೇಗ ಹೆಪ್ಪುಗಟ್ಟುತ್ತದೆ. ಮೈನಸ್ 18 ಡಿಗ್ರಿಯಲ್ಲಿ ಮೂರು ತಿಂಗಳು ರುಚಿಗೆ ಮೋಸ ಇಲ್ಲ. ಹಳೆಯ ಸಿಂಗಲ್ ಡೋರ್ ಫ್ರಿಜ್‌ನ ಪುಟ್ಟ ಐಸ್ ಪೆಟ್ಟಿಗೆ ಸಾಮಾನ್ಯವಾಗಿ ಅಷ್ಟು ತಣ್ಣಗಾಗುವುದಿಲ್ಲ, ಅದರಲ್ಲಿಟ್ಟರೆ ಬೇಗ ಮುಗಿಸಿ.

ಜೂನ್ 1ರಿಂದ ಜುಲೈ 31ರವರೆಗೆ ಟ್ರಾಲಿಂಗ್ ನಿಷೇಧ ಅಂತ ಮೇ ಕೊನೆಯಲ್ಲಿ ಜಾಸ್ತಿ ಕೊಳ್ಳುವವರು ಕರೆಂಟಿನ ಬಗ್ಗೆಯೂ ಯೋಚಿಸಬೇಕು. ಮಳೆಗೆ ಮರ ಬಿದ್ದು ಕರೆಂಟ್ ಹೋದರೆ ಬಾಗಿಲು ತೆರೆದು ನೋಡುತ್ತಾ ಇರಬೇಡಿ. ತುಂಬಿದ ಫ್ರೀಜರ್ ಮುಚ್ಚಿಯೇ ಇದ್ದರೆ ಸುಮಾರು 48 ಗಂಟೆ ತಡೆಯುತ್ತದೆ, ಅರ್ಧ ತುಂಬಿದ್ದು 24. ಸಿಗಡಿಯ ಮೇಲೆ ಇನ್ನೂ ಐಸ್ ಕಾಣುತ್ತಿದ್ದರೆ ಮತ್ತೆ ಗಟ್ಟಿ ಮಾಡಬಹುದು.

ಕರಗಿಸಲು ಹಿಂದಿನ ರಾತ್ರಿ ಬಟ್ಟಲಲ್ಲಿಟ್ಟು ಫ್ರಿಜ್‌ನ ಕೆಳಗಿಡಿ. ನೆಂಟರು ಸಡನ್ನಾಗಿ ಬಂದರೆ ಡಬ್ಬಿಯಿಂದ ತೆಗೆದು ಚೀಲಕ್ಕೆ ಹಾಕಿ, ಬಾಯಿ ಬಿಗಿದು ತಣ್ಣೀರಿನಲ್ಲಿ ಮುಳುಗಿಸಿ. ಬಿಸಿನೀರು ಬೇಡ, ಅಡುಗೆ ಕಟ್ಟೆಯ ಮೇಲೂ ಬೇಡ.

ತಲೆ, ಸಿಪ್ಪೆಯನ್ನು ಅವತ್ತೇ ಕುದಿಸಿ ಸೋಸಿದರೆ ಗಸಿಗೆ (ತೆಂಗಿನಕಾಯಿ ಹಾಕಿದ ಸಾರಿಗೆ) ಒಳ್ಳೆಯ ರಸ ಸಿಗುತ್ತದೆ. ಬೇಡವಾದರೆ ಕವರಿನಲ್ಲಿ ಬಿಗಿಯಾಗಿ ಕಟ್ಟಿ ಫ್ರೀಜರಿನ ಮೂಲೆಯಲ್ಲಿಡಿ, ಕಸದ ಗಾಡಿ ಬಂದಾಗ ತೆಗೆದು ಹಸಿ ಕಸಕ್ಕೆ ಹಾಕಿ. ಅಪಾರ್ಟ್‌ಮೆಂಟಿನಲ್ಲಿದ್ದರೆ ಪಕ್ಕದ ಮನೆಯವರ ಜೊತೆ ಜಗಳವೂ ತಪ್ಪುತ್ತದೆ.