ಜಾವಾನೀಸ್ ಮತ್ತು ಇಂಡೋನೇಷಿಯನ್ ಒಂದೇ ಭಾಷೆಯೇ?

ಅಲ್ಲ. ಇಂಡೋನೇಷ್ಯಾದ ರಾಷ್ಟ್ರಭಾಷೆ ಮಲಯದಿಂದ ಬಂದದ್ದು. ಜಾವಾನೀಸ್ ಜಾವಾ ದ್ವೀಪದ ಮಧ್ಯ ಮತ್ತು ಪೂರ್ವ ಭಾಗದವರ ಮನೆಮಾತು. ಪಶ್ಚಿಮದಲ್ಲಿ ಹೆಚ್ಚಾಗಿ ಸುಂಡಾನೀಸ್ ಜನರಿದ್ದಾರೆ.

ಜಾವಾನೀಸ್ ಭಾಷೆಯ ಮರ್ಯಾದೆಯ ಕ್ರಮ ನನಗೆ ಬಹಳ ಇಷ್ಟ. ನಾವು ‘ತಿನ್ನು’ ಎಂಬುದನ್ನು ‘ತಿನ್ನಿ’ ಮಾಡಿದರೆ ಸಾಕು. ಅಲ್ಲಿ ಪದವೇ ಬದಲಾಗುತ್ತದೆ. ಗೆಳೆಯ ಉಣ್ಣುವುದು ‘ಮಾಂಗಾನ್’, ಅಜ್ಜ ಉಣ್ಣುವುದು ‘ಡಹಾರ್’. ಈ ಎರಡನೆಯ ಪದವನ್ನು ಯಾರೂ ತಮ್ಮ ಊಟಕ್ಕೆ ಬಳಸುವಂತಿಲ್ಲ.

ಇಂದು ಬರವಣಿಗೆ ಹೆಚ್ಚಾಗಿ ರೋಮನ್ ಲಿಪಿಯಲ್ಲಿದೆ. ಹಳೆಯ ಲಿಪಿ ನಮ್ಮ ಕನ್ನಡದಂತೆಯೇ ಬ್ರಾಹ್ಮಿಯ ಕುಡಿ. ಅದರ ವರ್ಣಮಾಲೆ ‘ಹ ನ ಚ ರ ಕ’ ಎಂದು ಶುರುವಾಗುತ್ತದೆ. ಇಪ್ಪತ್ತು ಅಕ್ಷರಗಳನ್ನು ಸಾಲಾಗಿ ಓದಿದರೆ ಒಂದು ಕಥೆ: ಇಬ್ಬರು ದೂತರಿದ್ದರು, ಜಗಳವಾಡಿದರು, ಸಮಬಲರಾಗಿದ್ದರು, ಇಬ್ಬರೂ ಹೆಣವಾದರು.